ಗೋಡೆಗೆ ಯಾವ ಗ್ರ್ಯಾಂಡ್‌ಮಾಸ್ಟರ್‌ಗಳ ಚಿತ್ರ ಹಾಕಲಿ? ಮಂಡ್ಯದ ಭಾನುವಾರದ ಚೆಸ್ ತರಗತಿಗೆ ನಿಮ್ಮ ಸಲಹೆ ಬೇಕು

ಮಂಡ್ಯದ ಮೇಷ್ಟ್ರು

ಎಲ್ಲರಿಗೂ ನಮಸ್ಕಾರ. ಮಂಡ್ಯದ ವಿದ್ಯಾನಗರದಲ್ಲಿರುವ ನಮ್ಮ ಮನೆಯ ಮಹಡಿಯ ಮೇಲೆ ಕೆಲವು ವರ್ಷಗಳಿಂದ ಪ್ರತಿ ಭಾನುವಾರ ಬೆಳಿಗ್ಗೆ ಊರಿನ ಮಕ್ಕಳಿಗೆ ಚೆಸ್ ಹೇಳಿಕೊಡುತ್ತಿದ್ದೇನೆ. ಈಚೆಗೆ ಗೋಡೆಗಳಿಗೆ ಬಣ್ಣ ಬಳಿಸಿದ್ದರಿಂದ, ಐವರು ಗ್ರ್ಯಾಂಡ್‌ಮಾಸ್ಟರ್‌ಗಳ ಚಿತ್ರ ಹಾಕಿ, ಪ್ರತಿಯೊಂದರ ಕೆಳಗೆ ಅವರ ಸಾಧನೆಯನ್ನು ನಾಲ್ಕು ಸಾಲುಗಳಲ್ಲಿ ಬರೆಸಬೇಕೆಂದುಕೊಂಡೆ. ಪಟ್ಟಿ ಐದು ನಿಮಿಷದಲ್ಲಿ ಸಿದ್ಧವಾಯಿತು: ಆನಂದ್, ಗುಕೇಶ್, ಕಾರ್ಲ್‌ಸನ್, ಕ್ಯಾಸ್ಪರೋವ್, ಫಿಷರ್.

ಕಳೆದ ವಾರ ಗುಕೇಶ್ ಅವರ ಬಗ್ಗೆ ಹೇಳುತ್ತಾ, ಅವರು 2019ರ ಜನವರಿಯಲ್ಲಿ 12 ವರ್ಷ 7 ತಿಂಗಳು 17 ದಿನಗಳ ವಯಸ್ಸಿಗೆ ಗ್ರ್ಯಾಂಡ್‌ಮಾಸ್ಟರ್ ಆದದ್ದನ್ನೂ, 2024ರ ಡಿಸೆಂಬರ್ 12ರಂದು ಸಿಂಗಪುರದಲ್ಲಿ ಡಿಂಗ್ ಲಿರೆನ್ ಅವರನ್ನು 7.5–6.5ರಿಂದ ಸೋಲಿಸಿ 18ನೆಯ ವಯಸ್ಸಿಗೇ ವಿಶ್ವ ಚಾಂಪಿಯನ್ ಆದದ್ದನ್ನೂ ಹುರುಪಿನಿಂದ ವಿವರಿಸಿದೆ. ತರಗತಿ ಮುಗಿದು ಮಕ್ಕಳೆಲ್ಲ ಕಾಯಿಗಳನ್ನು ಡಬ್ಬಿಗೆ ತುಂಬುತ್ತಿದ್ದಾಗ, ನನ್ನಲ್ಲಿ ಎಲ್ಲರಿಗಿಂತ ಶ್ರದ್ಧೆಯಿಂದ ಆಡುವ ಹುಡುಗನೊಬ್ಬ ಕಪ್ಪು ಕುದುರೆಯನ್ನು ಮುಷ್ಟಿಯಲ್ಲೇ ಹಿಡಿದುಕೊಂಡು ನಿಂತಿದ್ದ. "ಸರ್, ನನಗೆ ಹೋದ ತಿಂಗಳಿಗೇ 13 ತುಂಬಿತು. ತಡವಾಗಿಹೋಯಿತು ಅಲ್ಲವಾ ಸರ್?" ಎಂದ. ಬಾಯಿಗೆ ಬಂದ ಸಮಾಧಾನ ಹೇಳಿದೆ. ಅವನು ಕುದುರೆಯನ್ನು ಡಬ್ಬಿಗೆ ಹಾಕಿ ಮೆಟ್ಟಿಲಿಳಿದು ಹೋದ. ಅವನ ಪ್ರಶ್ನೆಗೆ ಉತ್ತರವಾಗುವಂತೆ ನನ್ನ ಪಟ್ಟಿ ಇಲ್ಲವೇ ಇಲ್ಲ ಎಂದು ಅಂದು ರಾತ್ರಿ ಹೊಳೆಯಿತು. ಹಾಗಾದರೆ ಯಾರ ಚಿತ್ರ ಹಾಕಲಿ?

ಸರಸ್ವತಿಪುರಂ ನಿವಾಸಿ

ಮೇಷ್ಟ್ರೇ, ನಿಮ್ಮಿಂದ ಒಂದು ಗಂಟೆಯ ದಾರಿಯಲ್ಲಿರುವ ಮೈಸೂರಿನವರನ್ನೇ ಮರೆತಿದ್ದೀರಿ. ಕರ್ನಾಟಕದ ಮೊಟ್ಟಮೊದಲ ಗ್ರ್ಯಾಂಡ್‌ಮಾಸ್ಟರ್ ನಮ್ಮೂರಿನ ಎಂ.ಎಸ್. ತೇಜ್‌ಕುಮಾರ್. 2017ರಲ್ಲಿ ಅವರಿಗೆ ಆ ಪಟ್ಟ ದೊರೆತಾಗ ಅವರ ವಯಸ್ಸು ಮೂವತ್ತು ದಾಟಿತ್ತು, ರೈಲ್ವೆಯ ನೌಕರಿಯೂ ಜೊತೆಗಿತ್ತು. ಆನಂದ್ ದೇಶದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದದ್ದು 1988ರಲ್ಲಿ. ಅಂದರೆ ನಮ್ಮ ರಾಜ್ಯ 29 ವರ್ಷ ಕಾಯಬೇಕಾಯಿತು, ಆ ಕಾಯುವಿಕೆಯನ್ನು ಮುಗಿಸಿದವರು ಹನ್ನೆರಡರ ಬಾಲಕರಲ್ಲ, ವರ್ಷಗಟ್ಟಲೆ ಸೋತು, ಗೆದ್ದು, ಮತ್ತೆ ರಜೆ ಹಾಕಿ ಪಂದ್ಯಕ್ಕೆ ಹೋಗಿ ಬಂದ ಒಬ್ಬ ನೌಕರರು. ಆ ಬಾಗಿಲು ತೆರೆದ ಮೇಲೆ 2018ರಲ್ಲಿ ಜಿ.ಎ. ಸ್ಟ್ಯಾನಿ, 2019ರಲ್ಲಿ ಮೈಸೂರಿನವರೇ ಆದ ಗಿರೀಶ್ ಕೌಶಿಕ್, 2022ರಲ್ಲಿ ಬೆಂಗಳೂರಿನ ಪ್ರಣವ್ ಆನಂದ್ ಬಂದರು. ನಿಮ್ಮ ಹುಡುಗನಿಗೆ ಮೊದಲು ತೋರಿಸಬೇಕಾದ ಮುಖ ತೇಜ್‌ಕುಮಾರ್ ಅವರದು.

ಪಾಂಡವಪುರದ ಆಟಗಾರ

ಮೇಲಿನವರ ಅಭಿಮಾನಕ್ಕೆ ಗೌರವವಿದೆ, ಆದರೆ ನಾನು ಒಪ್ಪುವುದಿಲ್ಲ. ತರಗತಿಯ ಗೋಡೆಯ ಮೇಲೆ ಶಿಖರವಿರಬೇಕು, ಅರ್ಧ ದಾರಿಯ ಮೈಲಿಗಲ್ಲಲ್ಲ. ಗುಕೇಶ್ ಜಗತ್ತಿನಲ್ಲೇ ಅತಿ ಕಿರಿಯ ಗ್ರ್ಯಾಂಡ್‌ಮಾಸ್ಟರ್, ಅವರಂತೆ ಆಗಬೇಕೆಂಬ ಛಲ ಹುಟ್ಟದಿದ್ದರೆ ಮಗು ಜಿಲ್ಲಾ ಮಟ್ಟದ ಪದಕಕ್ಕೇ ತೃಪ್ತಿಪಡುತ್ತದೆ. ಆನಂದ್ ಅವರೂ 2007ರಲ್ಲಿ ಮೊದಲ ಬಾರಿ ವಿಶ್ವ ಚಾಂಪಿಯನ್ ಆಗಿದ್ದಕ್ಕೇ ಇಷ್ಟೊಂದು ಮಕ್ಕಳು ಆಟಕ್ಕೆ ಬಂದರು. ಎರಡನೆಯ ಸ್ಥಾನದವರನ್ನು ನೋಡಿ ಯಾರೂ ಬರುವುದಿಲ್ಲ.

ಕುದುರೆ ನಡೆ

ಎರಡು ತಿದ್ದುಪಡಿಗಳು. ಗುಕೇಶ್ ಅತಿ ಕಿರಿಯ ಗ್ರ್ಯಾಂಡ್‌ಮಾಸ್ಟರ್ ಅಲ್ಲ. ಸೆರ್ಗೆಯ್ ಕರ್ಯಾಕಿನ್ 2002ರಲ್ಲಿ 12 ವರ್ಷ 7 ತಿಂಗಳಿಗೆ ಆ ದಾಖಲೆ ಬರೆದಿದ್ದರು. ಗುಕೇಶ್ ಅದನ್ನು ತಪ್ಪಿಸಿಕೊಂಡದ್ದು ಕೇವಲ 17 ದಿನಗಳಿಂದ. 2021ರಲ್ಲಿ ಅಮೆರಿಕದ ಅಭಿಮನ್ಯು ಮಿಶ್ರಾ 12 ವರ್ಷ 4 ತಿಂಗಳು 25 ದಿನಗಳಿಗೆ ಪಟ್ಟ ಪಡೆದು ಕರ್ಯಾಕಿನ್ ಅವರನ್ನೂ ಹಿಂದಿಕ್ಕಿದರು. ಗುಕೇಶ್ ಮುರಿದದ್ದು ವಿಶ್ವ ಚಾಂಪಿಯನ್ ಪಟ್ಟದ ವಯಸ್ಸಿನ ದಾಖಲೆಯನ್ನು, ಅದು 1985ರಿಂದ 22 ವರ್ಷದ ಕ್ಯಾಸ್ಪರೋವ್ ಅವರ ಹೆಸರಿನಲ್ಲಿತ್ತು. ಇನ್ನು ಆನಂದ್ ಮೊದಲು ವಿಶ್ವ ಚಾಂಪಿಯನ್ ಆದದ್ದು 2000ದಲ್ಲಿ, ಟೆಹರಾನ್‌ನಲ್ಲಿ ಶಿರೋವ್ ಅವರನ್ನು 3.5–0.5ರಿಂದ ಸೋಲಿಸಿ.

ಆ 17 ದಿನಗಳನ್ನು ಮೇಷ್ಟ್ರು ಮಕ್ಕಳಿಗೆ ಹೇಳಲೇಬೇಕು. ದಾಖಲೆ ತಪ್ಪಿಹೋಯಿತೆಂದು ಗುಕೇಶ್ ಕಾಯಿಗಳನ್ನು ಡಬ್ಬಿಗೆ ಹಾಕಲಿಲ್ಲವಲ್ಲ.

ಪಾಂಡವಪುರದ ಆಟಗಾರ

ತಿದ್ದುಪಡಿಯನ್ನು ಒಪ್ಪಿಕೊಂಡೆ, ಧನ್ಯವಾದ. ಶಿಖರದ ಮಾತನ್ನು ಮಾತ್ರ ಬಿಡುವುದಿಲ್ಲ.

ಒಂಟಿಕೊಪ್ಪಲಿನ ತಾಯಿ

ಮೇಷ್ಟ್ರೇ, ನಿಮ್ಮ ಪಟ್ಟಿಯನ್ನು ಎರಡು ಬಾರಿ ಓದಿದೆ, ಒಬ್ಬ ಹೆಣ್ಣುಮಗಳೂ ಕಾಣಲಿಲ್ಲ. ನಿಮ್ಮ ತರಗತಿಗೆ ಹೆಣ್ಣುಮಕ್ಕಳು ಬರುವುದಿಲ್ಲವೇ? ಕೊನೇರು ಹಂಪಿ 2002ರಲ್ಲಿ 15 ವರ್ಷ 1 ತಿಂಗಳಿಗೆ ಗ್ರ್ಯಾಂಡ್‌ಮಾಸ್ಟರ್ ಆಗಿ, ಮಹಿಳೆಯರಲ್ಲಿ ಯೂದಿತ್ ಪೊಲ್ಗಾರ್ ಅವರ ಹೆಸರಿನಲ್ಲಿದ್ದ ವಯಸ್ಸಿನ ದಾಖಲೆಯನ್ನು ಮೂರು ತಿಂಗಳಿನಿಂದ ಮುರಿದರು. ಅದು ಬೇಗ ಬಂದ ಸಾಧನೆ. ನನಗೆ ಅದಕ್ಕಿಂತ ದೊಡ್ಡದೆನಿಸುವುದು ಆಮೇಲಿನದು. ಮಗು ಹುಟ್ಟಿದ ಮೇಲೆ ಬಿಡುವು ತೆಗೆದುಕೊಂಡು, ಮತ್ತೆ ಹಲಗೆಯ ಮುಂದೆ ಕುಳಿತು, 2019ರ ಡಿಸೆಂಬರಿನಲ್ಲಿ, ಕಡಿಮೆ ಸಮಯದಲ್ಲಿ ಮುಗಿಸುವ ಆಟದಲ್ಲಿ, ಮಹಿಳೆಯರ ವಿಶ್ವ ರ್‍ಯಾಪಿಡ್ ಚಾಂಪಿಯನ್ ಆದರು. ಐದು ವರ್ಷಗಳ ನಂತರ, 2024ರಲ್ಲಿ ನ್ಯೂಯಾರ್ಕ್‌ನಲ್ಲಿ, ಮತ್ತೊಮ್ಮೆ ಆದರು. ಹಾರಿಕಾ ದ್ರೋಣವಲ್ಲಿ 2022ರ ಚೆನ್ನೈ ಒಲಿಂಪಿಯಾಡಿನಲ್ಲಿ ಒಂಬತ್ತು ತಿಂಗಳ ಗರ್ಭಿಣಿಯಾಗಿ ಆಡಿ ತಂಡದೊಂದಿಗೆ ಕಂಚಿನ ಪದಕ ಪಡೆದರು.

ನನ್ನ ಮಗಳು ಎಂಟನೆಯ ತರಗತಿಯಲ್ಲಿದ್ದಾಳೆ. ಬಂಧುಗಳ ಮನೆಗೆ ಹೋದಾಗಲೆಲ್ಲ "ಇನ್ನೆಷ್ಟು ದಿನ ಆಡಿಸುತ್ತೀಯಾ?" ಎಂಬ ಮಾತು ಕಾಫಿಯ ಲೋಟದ ಜೊತೆಗೇ ಬರುತ್ತದೆ. 2025ರ ಜುಲೈನಲ್ಲಿ ಬತೂಮಿಯ ವಿಶ್ವಕಪ್ ಫೈನಲ್‌ನಲ್ಲಿ 19ರ ದಿವ್ಯಾ ದೇಶಮುಖ್ ಮತ್ತು 38ರ ಹಂಪಿ ಎದುರುಬದುರು ಕುಳಿತದ್ದನ್ನು ನಾವಿಬ್ಬರೂ ಫೋನಿನಲ್ಲಿ ನೋಡಿದೆವು. ದಿವ್ಯಾ ಗೆದ್ದು ಅಳುತ್ತಿದ್ದಾಗ ನನ್ನ ಮಗಳು ನೋಡುತ್ತಿದ್ದದ್ದು ಹಂಪಿಯವರನ್ನು. "ಅಮ್ಮ, ಇವರು ನಾನು ಹುಟ್ಟುವ ಮುಂಚಿನಿಂದಲೂ ಆಡುತ್ತಿದ್ದಾರಾ?" ಎಂದು ಕೇಳಿದಳು. ಆ ಪ್ರಶ್ನೆ ಹುಟ್ಟಿಸುವಂಥ ಚಿತ್ರವನ್ನು ಹಾಕಿ.

ಸುಭಾಷ್ ನಗರದ ಅಣ್ಣ

ದಿವ್ಯಾ ಅವರದು ಇನ್ನೊಂದು ವಿಶೇಷ. ವಿಶ್ವಕಪ್‌ಗೆ ಹೋದಾಗ ಅವರ ಬಳಿ ಒಂದೂ ಗ್ರ್ಯಾಂಡ್‌ಮಾಸ್ಟರ್ ನಾರ್ಮ್ ಇರಲಿಲ್ಲ. ಗೆದ್ದವರಿಗೆ ಪಟ್ಟ ನೇರವಾಗಿ ಸಿಗುವ ನಿಯಮದಿಂದ ದೇಶದ 88ನೆಯ ಗ್ರ್ಯಾಂಡ್‌ಮಾಸ್ಟರ್ ಆದರು.

ಚೆಸ್ ಮಗನ ಅಪ್ಪ, ಕುವೆಂಪುನಗರ

ನಾರ್ಮ್ ಎಂಬ ಮಾತು ಬಂತು, ಆದ್ದರಿಂದ ಹೊಸಬರಿಗಾಗಿ ವಿವರಿಸುತ್ತೇನೆ, ಏಕೆಂದರೆ "ತಡ" ಎನ್ನುವುದು ಎಲ್ಲಿಂದ ಬರುತ್ತದೆಂದು ಇದರಿಂದಲೇ ತಿಳಿಯುತ್ತದೆ. ಸಾಮಾನ್ಯ ದಾರಿಯಲ್ಲಿ ಗ್ರ್ಯಾಂಡ್‌ಮಾಸ್ಟರ್ ಆಗಲು ಮೂರು ನಾರ್ಮ್‌ಗಳು ಬೇಕು, ಆಟದ ಬಲವನ್ನು ಅಳೆಯುವ ರೇಟಿಂಗ್ ಅಂಕ 2500 ಮುಟ್ಟಬೇಕು. ಒಂದು ನಾರ್ಮ್ ಎಂದರೆ, ಸಾಮಾನ್ಯವಾಗಿ ಒಂಬತ್ತು ಸುತ್ತುಗಳ ಪಂದ್ಯಾವಳಿಯಲ್ಲಿ 2600 ರೇಟಿಂಗಿನ ಆಟಗಾರರ ಮಟ್ಟದಲ್ಲಿ ಆಡಿ ತೋರಿಸುವುದು. ಎದುರಾಳಿಗಳಲ್ಲಿ ಮೂವರಾದರೂ ಗ್ರ್ಯಾಂಡ್‌ಮಾಸ್ಟರ್‌ಗಳಿರಬೇಕು, ಬೇರೆ ದೇಶಗಳವರೂ ಇರಬೇಕು. ಅಂಥವರು ಒಟ್ಟಿಗೆ ಸೇರುವ ಪಂದ್ಯಾವಳಿಗಳು ಯುರೋಪಿನಲ್ಲಿ ಹೆಚ್ಚು. ಎಂದರೆ ಪ್ರತಿಭೆಯ ಜೊತೆಗೆ ವಿಮಾನದ ಟಿಕೆಟ್ಟು, ವೀಸಾ, ಕೊಠಡಿ ಬಾಡಿಗೆ, ಜೊತೆಗೆ ಹೋಗುವ ದೊಡ್ಡವರ ರಜೆ, ಇಷ್ಟೂ ಬೇಕು.

ನಾನು ಮಗನೊಂದಿಗೆ ಹೊರರಾಜ್ಯದ ಒಂದು ಪಂದ್ಯಾವಳಿಗೆ ಹೋಗಿದ್ದೆ. ಮೊದಲ ದಿನವೇ ವೇಳಾಪಟ್ಟಿ ಬದಲಾಗಿ, ಎರಡನೆಯ ಸುತ್ತು ಮುಗಿದಾಗ ರಾತ್ರಿ ಹನ್ನೊಂದಾಗಿತ್ತು. ಹೊರಗೆ ತಿನ್ನಲು ಏನೂ ಸಿಗದೆ ಮನೆಯಿಂದ ತಂದಿದ್ದ ಚಕ್ಕುಲಿ ತಿಂದು ಮಲಗಿದೆವು. ಮರುದಿನ ಬೆಳಿಗ್ಗೆ ಅವನು ಗೆಲ್ಲುವ ಆಟದಲ್ಲಿ ಆನೆಯನ್ನು ಸುಮ್ಮನೆ ಬಿಟ್ಟುಕೊಟ್ಟ. ಅವನ ರೇಟಿಂಗ್ ನೋಡಿದವರಿಗೆ ಆ ಚಕ್ಕುಲಿ ಕಾಣುವುದಿಲ್ಲ.

ಆದ್ದರಿಂದ ಗುಕೇಶ್ ಅವರ ಚಿತ್ರದ ಕೆಳಗೆ ವಯಸ್ಸನ್ನಷ್ಟೇ ಬರೆಯಬೇಡಿ. ಅವರ ತಂದೆ ಕಿವಿ, ಮೂಗು, ಗಂಟಲಿನ ಶಸ್ತ್ರವೈದ್ಯರು, ಮಗನೊಂದಿಗೆ ದೇಶ ದೇಶ ತಿರುಗಲು ತಮ್ಮ ವೃತ್ತಿಯನ್ನೇ ನಿಲ್ಲಿಸಿದರು; ಮನೆ ನಡೆದದ್ದು ಸೂಕ್ಷ್ಮಜೀವಿ ವಿಜ್ಞಾನಿಯಾದ ತಾಯಿಯವರ ಸಂಬಳದಿಂದ. ನಾಲ್ಕನೆಯ ತರಗತಿಯ ನಂತರ ಗುಕೇಶ್ ದಿನವೂ ಶಾಲೆಗೆ ಹೋಗುವುದೇ ನಿಂತಿತು. ಮಂಡ್ಯದಲ್ಲಿ ಭಾನುವಾರ ಮಾತ್ರ ಆಡುವ ಹುಡುಗ ತನ್ನನ್ನು ಈ ವಯಸ್ಸಿನ ಲೆಕ್ಕಕ್ಕೆ ಹೋಲಿಸಿಕೊಳ್ಳುವುದು ತೂಗುವ ತಕ್ಕಡಿಯೇ ಬೇರೆಯಾದ ಹಾಗೆ.

ಪಾಂಡವಪುರದ ಆಟಗಾರ

ಹಾಗೆಂದು ಹುಡುಗನಿಗೆ "ನಿನ್ನ ಕೈಲಾಗದು, ನಿನ್ನ ತಂದೆ ವೈದ್ಯರಲ್ಲ" ಎಂದು ಹೇಳಬೇಕೇ? ಇದು ಇನ್ನೂ ಕ್ರೂರ.

ಚೆಸ್ ಮಗನ ಅಪ್ಪ, ಕುವೆಂಪುನಗರ

ಹಾಗೆ ಹೇಳಿ ಎನ್ನಲಿಲ್ಲ ಸ್ವಾಮಿ. ಮನೆಯವರ ತ್ಯಾಗವನ್ನೂ ಸಾಧನೆಯ ಒಂದು ಭಾಗವೆಂದು ಬರೆಯಿರಿ ಎಂದೆ. ಮರೆಮಾಚಿದರೆ ಮಗು ತಪ್ಪೆಲ್ಲ ತನ್ನದೇ ಎಂದುಕೊಳ್ಳುತ್ತದೆ.

ಅಗ್ರಹಾರದ ಅಜ್ಜ

ನನ್ನ ಬಾಲ್ಯದಲ್ಲಿ ತಾತ ಜಗುಲಿಯ ಮೇಲೆ ಬಟ್ಟೆಯ ಹಾಸು ಹಾಕಿ ಚದುರಂಗ ಆಡುತ್ತಿದ್ದರು. ಅವರ ಆಟದಲ್ಲಿ ಕಾಲಾಳು ಮೊದಲ ನಡೆಯಲ್ಲೂ ಒಂದೇ ಮನೆ ಹೋಗಬೇಕಿತ್ತು. ನಾನು ಶಾಲೆಯಲ್ಲಿ ಕಲಿತು ಬಂದು ಎರಡು ಮನೆ ನಡೆಸಿದಾಗ ಕಾಯಿಯನ್ನು ಹಿಡಿದು ಹಿಂದಕ್ಕಿಟ್ಟರು, ಆ ಬೆರಳುಗಳ ನಶ್ಯದ ವಾಸನೆ ಇಂದಿಗೂ ನೆನಪಿದೆ. ಆ ದೇಸಿ ನಿಯಮದ ಆಟವನ್ನೇ ಕಲಿತು ಬೆಳೆದು ಲಂಡನ್ನಿಗೆ ಹೋದವರು ಪಂಜಾಬಿನ ಮೀರ್ ಸುಲ್ತಾನ್ ಖಾನ್. ಸರ್ ಉಮರ್ ಹಯಾತ್ ಖಾನ್ ಎಂಬ ಜಮೀನ್ದಾರರ ಪರಿವಾರದಲ್ಲಿದ್ದ ಅವರು 1929, 1932 ಮತ್ತು 1933ರಲ್ಲಿ ಬ್ರಿಟಿಷ್ ಚಾಂಪಿಯನ್ ಆದರು, ಹೇಸ್ಟಿಂಗ್ಸ್‌ನಲ್ಲಿ ಮಾಜಿ ವಿಶ್ವ ಚಾಂಪಿಯನ್ ಕಾಪಾಬ್ಲಾಂಕಾ ಅವರನ್ನೇ ಸೋಲಿಸಿದರು. ಮುಂದೆ ಒಡೆಯರೊಂದಿಗೆ ಊರಿಗೆ ಮರಳಿದ ಮೇಲೆ ಅವರ ಅಂತರರಾಷ್ಟ್ರೀಯ ಆಟ ಅಲ್ಲಿಗೇ ನಿಂತಿತು. 1966ರಲ್ಲಿ ತೀರಿಕೊಂಡರು. ವಿಶ್ವ ಚೆಸ್ ಒಕ್ಕೂಟ ಅವರಿಗೆ ಗೌರವ ಗ್ರ್ಯಾಂಡ್‌ಮಾಸ್ಟರ್ ಪಟ್ಟ ಕೊಟ್ಟದ್ದು 2024ರಲ್ಲಿ. ತಡವೆಂದರೆ ಇದು ತಡ.

ಕುದುರೆ ನಡೆ

ಅಜ್ಜನವರೇ, ಅವರ ಆಟದ ಬಗ್ಗೆ ಎರಡು ಮಾತಿಲ್ಲ. ಆದರೆ ಆ ತಡಕ್ಕೆ ಕಾರಣ ಅವರ ವಯಸ್ಸಲ್ಲ, ಜಗತ್ತಿನ ಅನ್ಯಾಯ. ಒಕ್ಕೂಟ ಮೊದಲ 27 ಗ್ರ್ಯಾಂಡ್‌ಮಾಸ್ಟರ್‌ಗಳನ್ನು ಅಧಿಕೃತವಾಗಿ ಹೆಸರಿಸಿದ 1950ರಲ್ಲಿ ಅವರು ಬದುಕಿದ್ದರು, ಆಗಲೂ ಯಾರಿಗೂ ನೆನಪಾಗಲಿಲ್ಲ. ಹದಿಮೂರರ ಹುಡುಗನ ಪ್ರಶ್ನೆಗೆ ಇದು ಉತ್ತರವಾಗಲಾರದು, ಬೇರೆ ಗೋಡೆಗೆ ಇರಲಿ.

ಅಗ್ರಹಾರದ ಅಜ್ಜ

ಬೇರೆ ಗೋಡೆಯಾದರೂ ಸರಿ, ಆದರೆ ಹಾಕಿ. ಜಗನ್ಮೋಹನ ಅರಮನೆಯ ಗೋಡೆಯ ಮೇಲೆ ಹಲಗೆಯಾಟಗಳ ಚಿತ್ರ ಬರೆಸಿದ, ಕುದುರೆಯೊಂದನ್ನು 64 ಮನೆಗಳಿಗೂ ಒಂದೊಂದೇ ಬಾರಿ ನಡೆಸುವ ಲೆಕ್ಕಗಳನ್ನು ಕಟ್ಟಿದ ಮುಮ್ಮಡಿ ಕೃಷ್ಣರಾಜ ಒಡೆಯರ ಸೀಮೆಯವರು ನಾವು. ಆಟ ಬಲ್ಲವರನ್ನು ಗೋಡೆಯಿಂದ ಕೆಳಗಿಳಿಸುವುದು ನಮಗೆ ಒಪ್ಪುವುದಿಲ್ಲ.

ಚಾಮುಂಡಿ ಎಕ್ಸ್‌ಪ್ರೆಸ್ ಪ್ರಯಾಣಿಕ

ಎಲ್ಲರೂ ಆನಂದ್ ಅವರನ್ನು "ಶಿಖರ" ಎಂದು ಬದಿಗಿಟ್ಟು ಮುಂದೆ ಹೋಗುತ್ತಿದ್ದೀರಿ, ಇದು ನನಗೆ ಸರಿಕಾಣುತ್ತಿಲ್ಲ. ಮೇಷ್ಟ್ರೇ, ನಿಮ್ಮ ಹುಡುಗನಿಗೆ ಬೇಕಾದ ಉತ್ತರ ನಿಮ್ಮ ಮೊದಲ ಪಟ್ಟಿಯ ಮೊದಲ ಹೆಸರಿನಲ್ಲೇ ಇದೆ, ಚಿತ್ರದ ಕೆಳಗೆ ಯಾವ ನಾಲ್ಕು ಸಾಲು ಬರೆಯುತ್ತೀರಿ ಎನ್ನುವುದಷ್ಟೇ ಪ್ರಶ್ನೆ.

ಆನಂದ್ 1987ರಲ್ಲಿ ವಿಶ್ವ ಜೂನಿಯರ್ ಚಾಂಪಿಯನ್ ಆದರು, ಮರುವರ್ಷ 18ರ ವಯಸ್ಸಿಗೆ ಗ್ರ್ಯಾಂಡ್‌ಮಾಸ್ಟರ್. ಇಂದಿನ ಲೆಕ್ಕದಲ್ಲಿ 18 ಎಂದರೆ ಮಕ್ಕಳು "ತಡ" ಎನ್ನುತ್ತಾರೆ. ಆಮೇಲೆ 1995ರಲ್ಲಿ ನ್ಯೂಯಾರ್ಕ್‌ನಲ್ಲಿ ಕ್ಯಾಸ್ಪರೋವ್ ಅವರೆದುರು 10.5–7.5ರಿಂದ ಸೋತರು. 1998ರಲ್ಲಿ ಲೊಸಾನ್‌ನಲ್ಲಿ ಕಾರ್ಪೋವ್ ಅವರೆದುರು ಸೋತರು. ಎರಡು ಸೋಲುಗಳಾದ ಮೇಲೆ, 31 ತುಂಬಿದ ತಿಂಗಳಲ್ಲಿ ಟೆಹರಾನ್‌ನಲ್ಲಿ ಗೆದ್ದರು. ಅದನ್ನು ಅರ್ಧ ಪಟ್ಟ ಎಂದವರಿದ್ದರು, ಏಕೆಂದರೆ ಆಗ ವಿಶ್ವ ಪಟ್ಟ ಎರಡು ಹೋಳಾಗಿತ್ತು. 2007ರಲ್ಲಿ ಮೆಕ್ಸಿಕೋದಲ್ಲಿ ಗೆದ್ದು ಆ ಮಾತನ್ನು ಮುಗಿಸಿದರು, 2008ರಲ್ಲಿ ಬಾನ್ ನಗರದಲ್ಲಿ ಕ್ರಾಮ್ನಿಕ್ ಅವರನ್ನು ಸೋಲಿಸಿದರು. 2010ರಲ್ಲಿ ಐಸ್‌ಲ್ಯಾಂಡಿನ ಜ್ವಾಲಾಮುಖಿಯ ಬೂದಿಯಿಂದ ವಿಮಾನಗಳೆಲ್ಲ ನಿಂತಾಗ ಜರ್ಮನಿಯಿಂದ ಬಲ್ಗೇರಿಯಾದ ಸೋಫಿಯಾಕ್ಕೆ ಸುಮಾರು 40 ಗಂಟೆ ರಸ್ತೆಯಲ್ಲೇ ಪ್ರಯಾಣ ಮಾಡಿ ತಲುಪಿದರು. ಮೊದಲ ಆಟ ಸೋತರು, ಹನ್ನೆರಡನೆಯ ಹಾಗೂ ಕೊನೆಯ ಆಟವನ್ನು ಕಪ್ಪು ಕಾಯಿಗಳಲ್ಲಿ ಗೆದ್ದು ಟೋಪಾಲೋವ್ ಅವರಿಂದ ಪಟ್ಟ ಉಳಿಸಿಕೊಂಡರು.

ನನಗೆ ಕಣ್ಣಿಗೆ ಕಟ್ಟಿದಂತಿರುವುದು 2013. ಚೆನ್ನೈನಲ್ಲಿ, ಸ್ವಂತ ಊರಿನಲ್ಲಿ, ಕಾರ್ಲ್‌ಸನ್ ಅವರೆದುರು ಒಂದೂ ಆಟ ಗೆಲ್ಲದೆ 6.5–3.5ರಿಂದ ಪಟ್ಟ ಕಳೆದುಕೊಂಡರು. ಅಂದು ಬೆಂಗಳೂರಿನಿಂದ ಮೈಸೂರಿಗೆ ಹೊರಟ ರೈಲಿನಲ್ಲಿ ನಮ್ಮ ಗುಂಪಿನವರೆಲ್ಲ "ಇನ್ನು ಆನಂದ್ ನಿವೃತ್ತಿ" ಎಂದೇ ತೀರ್ಮಾನಿಸಿದೆವು. ನಾಲ್ಕು ತಿಂಗಳ ನಂತರ ಅವರು, ವಿಶ್ವ ಚಾಂಪಿಯನ್‌ಗೆ ಎದುರಾಳಿಯನ್ನು ಆರಿಸುವ ಕ್ಯಾಂಡಿಡೇಟ್ಸ್ ಪಂದ್ಯಾವಳಿಯನ್ನು ಗೆದ್ದು ಮತ್ತೆ ಅದೇ ಕಾರ್ಲ್‌ಸನ್ ಎದುರು ಕುಳಿತರು. ಮತ್ತೆ ಸೋತರು, ನಿಜ. 2017ರ ಡಿಸೆಂಬರಿನಲ್ಲಿ, 48ರ ವಯಸ್ಸಿನಲ್ಲಿ, ರಿಯಾದ್‌ನಲ್ಲಿ ವಿಶ್ವ ರ್‍ಯಾಪಿಡ್ ಚಾಂಪಿಯನ್ ಆದರು. ಆ ಹಾದಿಯಲ್ಲಿ ಕಾರ್ಲ್‌ಸನ್ ಅವರನ್ನೂ ಸೋಲಿಸಿದರು. ರೈಲಿನ ನಮ್ಮ ಗುಂಪಿನಲ್ಲಿ ಅಂದು ಯಾರೂ ತಮ್ಮ ಹಳೆಯ ತೀರ್ಮಾನದ ಮಾತೆತ್ತಲಿಲ್ಲ.

ಪಾಂಡವಪುರದ ಆಟಗಾರ

ಇದಕ್ಕೆ ನನ್ನ ಬಳಿ ಎದುರುತ್ತರವಿಲ್ಲ. 2014ರ ಕ್ಯಾಂಡಿಡೇಟ್ಸ್ ಅನ್ನು ನಾನು ಮರೆತೇಬಿಟ್ಟಿದ್ದೆ.

ಒಂಟಿಕೊಪ್ಪಲಿನ ತಾಯಿ

ಫಿಷರ್ ಅವರ ಬಗ್ಗೆ ಒಂದು ಮಾತು. 1971ರಲ್ಲಿ ತೈಮಾನೋವ್ ಮತ್ತು ಲಾರ್ಸನ್ ಇಬ್ಬರನ್ನೂ 6–0ಯಿಂದ ಸೋಲಿಸಿದ, 1972ರಲ್ಲಿ ರೇಕ್ಯಾವಿಕ್‌ನಲ್ಲಿ ಸ್ಪಾಸ್ಕಿ ಅವರಿಂದ ಪಟ್ಟ ಕಸಿದುಕೊಂಡ ಆಟ ಅದ್ಭುತವೇ. ಆದರೆ 1975ರಲ್ಲಿ ಆಡದೆಯೇ ಪಟ್ಟ ಬಿಟ್ಟರು, 1972ರ ನಂತರ ಇಪ್ಪತ್ತು ವರ್ಷ ಆಟಗಳಿಂದಲೇ ದೂರವಾದರು. "ಬೇಗ ಗೆದ್ದು ಬೇಗ ಹೋಗುವುದೇ ಪ್ರತಿಭೆ" ಎಂದು ಮಕ್ಕಳು ತಿಳಿಯುವುದು ನನಗೆ ಬೇಡ.

ಕುದುರೆ ನಡೆ

ಅದೇ ತೈಮಾನೋವ್ ಅವರನ್ನು ಹಾಕಿ ಎನ್ನುತ್ತೇನೆ ನಾನು. 6–0ಯಿಂದ ಸೋತ ಆ ಗ್ರ್ಯಾಂಡ್‌ಮಾಸ್ಟರ್ ವೃತ್ತಿಯಿಂದ ಪಿಯಾನೋ ಕಲಾವಿದರು. 1957ರಲ್ಲಿ ವಿಶ್ವ ಚಾಂಪಿಯನ್ ಆದ ಸ್ಮಿಸ್ಲೋವ್ ಗಾಯಕರು. ಬೊಲ್ಶೋಯ್ ರಂಗಮಂದಿರದ ಆಯ್ಕೆಯಲ್ಲಿ ಅವರಿಗೆ ಅವಕಾಶ ಸಿಕ್ಕಿರಲಿಲ್ಲ. ಅವರೇ 1984ರಲ್ಲಿ, ಅರವತ್ತು ದಾಟಿದ ಮೇಲೆ, ಕ್ಯಾಂಡಿಡೇಟ್ಸ್ ಫೈನಲ್ ತಲುಪಿ 21 ತುಂಬದ ಕ್ಯಾಸ್ಪರೋವ್ ಎದುರು ಆಡಿದರು. ಮತ್ತೊಬ್ಬ ವಿಶ್ವ ಚಾಂಪಿಯನ್ ಬೋಟ್ವಿನ್ನಿಕ್ ವಿದ್ಯುತ್ ಎಂಜಿನಿಯರ್. ಓದು ಮತ್ತು ಚೆಸ್ ಜೊತೆಯಾಗಿ ಸಾಗುವುದಿಲ್ಲ ಎನ್ನುವ ಬಂಧುಗಳಿಗೆ ಇವರೇ ಉತ್ತರ.

ಸುಭಾಷ್ ನಗರದ ಅಣ್ಣ

ಆ ಕಾಲದ ಸೋವಿಯತ್ ಸರ್ಕಾರ ಆಟಗಾರರನ್ನು ಸಾಕುತ್ತಿತ್ತು ಎನ್ನುವುದನ್ನೂ ಸೇರಿಸಿ. ನಮ್ಮಲ್ಲಿ ಆ ಕೆಲಸವನ್ನು ಒಂದಿಷ್ಟು ಮಾಡಿದ್ದು ರೈಲ್ವೆ, ತೈಲ ಕಂಪನಿಗಳಂಥ ಸಂಸ್ಥೆಗಳ ಕ್ರೀಡಾ ಕೋಟಾ. ಇಂಡಿಯನ್ ಆಯಿಲ್‌ನ ಅಂಥ ನೌಕರಿಯನ್ನು ಬಿಟ್ಟು ಚೆನ್ನೈನಲ್ಲಿ ಮಕ್ಕಳಿಗೆ ಕಲಿಸಲು ಕುಳಿತವರು ಗ್ರ್ಯಾಂಡ್‌ಮಾಸ್ಟರ್ ಆರ್.ಬಿ. ರಮೇಶ್. ಪ್ರಜ್ಞಾನಂದ ಮತ್ತು ವೈಶಾಲಿ, ಅಂದರೆ ಇಬ್ಬರೂ ಗ್ರ್ಯಾಂಡ್‌ಮಾಸ್ಟರ್ ಆದ ಜಗತ್ತಿನ ಮೊದಲ ಅಕ್ಕ ತಮ್ಮ, ಅವರ ಶಿಷ್ಯರು. ಮೇಷ್ಟ್ರೇ, ನಿಮ್ಮ ಗೋಡೆಯಲ್ಲಿ ಒಬ್ಬ ಮೇಷ್ಟ್ರಿಗೂ ಜಾಗವಿರಲಿ.

ಮಂಡ್ಯದ ಮೇಷ್ಟ್ರು

ಇಷ್ಟೊಂದು ಜನ ಇಷ್ಟು ಆಸ್ಥೆಯಿಂದ ಬರೆಯುತ್ತೀರೆಂದು ಎಣಿಸಿರಲಿಲ್ಲ. ನನ್ನ ತೀರ್ಮಾನ ಹೀಗಿದೆ: ಆನಂದ್, ಹಂಪಿ, ತೇಜ್‌ಕುಮಾರ್, ಸ್ಮಿಸ್ಲೋವ್, ಗುಕೇಶ್. ಎದುರು ಗೋಡೆಯಲ್ಲಿ ಸುಲ್ತಾನ್ ಖಾನ್ ಇರುತ್ತಾರೆ, ಅಜ್ಜನವರ ಮಾತು ಮೀರಲಾರೆ. ರಮೇಶ್ ಅವರ ಸಲಹೆಗೆ ಕೃತಜ್ಞ, ಅವರ ಕತೆಯನ್ನು ಬಾಯಲ್ಲೇ ಹೇಳುತ್ತೇನೆ. ಚಿತ್ರಗಳ ಕೆಳಗೆ ಗೆದ್ದ ವರ್ಷದ ಜೊತೆಗೆ ಸೋತ ವರ್ಷವನ್ನೂ ಬರೆಸುತ್ತೇನೆ.

ಈ ಭಾನುವಾರ ಸಿಂಗಪುರದ ಹದಿನಾಲ್ಕನೆಯ ಆಟದ ಕೊನೆಯನ್ನು ಹಲಗೆಯ ಮೇಲೆ ಜೋಡಿಸಿದ್ದೆ. ಡಿಂಗ್ ಅವರ 55ನೆಯ ನಡೆಯಿಂದ ಆನೆಗೆ ಆನೆ, ಒಂಟೆಗೆ ಒಂಟೆ ಹೋಗಿ, ರಾಜರ ಜೊತೆ ಕಪ್ಪಿಗೆ ಎರಡು ಕಾಲಾಳು, ಬಿಳಿಗೆ ಒಂದು ಉಳಿಯುತ್ತದೆ. ಆ ಹುಡುಗ ಸೋಲುವ ಬಿಳಿಯ ಕಡೆಯನ್ನೇ ಕೇಳಿ ತೆಗೆದುಕೊಂಡು, ಉಳಿಸಲು ದಾರಿಯಿದೆಯೇ ಎಂದು ಮುಕ್ಕಾಲು ಗಂಟೆ ಹುಡುಕಿದ. ಇಲ್ಲವೆಂದು ಖಾತ್ರಿಯಾದ ಮೇಲೆ, ಗುಕೇಶ್ ಗೆದ್ದ ನಂತರ ಕಣ್ಣೀರಿನಲ್ಲೇ ಕಾಯಿಗಳನ್ನೆಲ್ಲ ಮೊದಲಿನ ಮನೆಗಳಲ್ಲಿ ಜೋಡಿಸಿಟ್ಟ ಸಂಗತಿಯನ್ನು ಹೇಳಿದೆ. ಅವನೂ ಜೋಡಿಸಿದ, ಆಮೇಲೆ "ಸರ್, ಇನ್ನೊಂದು ಆಟಕ್ಕೆ ಗಡಿಯಾರ ಇದೆಯಾ?" ಎಂದ. ಇದ್ದ ಒಂದೇ ಗಡಿಯಾರದಲ್ಲಿ ಬೇರೆ ಮಕ್ಕಳು ಆಡುತ್ತಿದ್ದರು.

ನಿವೃತ್ತ ರೈಲ್ವೆ ನೌಕರ, ಮೈಸೂರು

ಇಷ್ಟು ದಿನ ಓದುತ್ತಿದ್ದೆನಷ್ಟೇ. ನನ್ನ ಬಳಿ ಚೆಸ್ ಗಡಿಯಾರಗಳು ಎರಡಿವೆ. ಒಂದು ಕೀಲಿ ಕೊಡುವ ಹಳೆಯದು, ಇನ್ನೊಂದು ಡಿಜಿಟಲ್, ಎರಡೂ ಸರಿಯಾಗಿ ನಡೆಯುತ್ತವೆ. ಮನೆಯಲ್ಲಿ ಈಗ ಆಡುವವರಿಲ್ಲ. ಶನಿವಾರ ಸಂಜೆ ಮಂಡ್ಯಕ್ಕೆ ಬರುವ ಕೆಲಸವಿದೆ. ಯಾರನ್ನಾದರೂ ನಿಲ್ದಾಣಕ್ಕೆ ಕಳುಹಿಸಿ, ಒಂದನೆಯ ಪ್ಲಾಟ್‌ಫಾರ್ಮಿನ ಗಡಿಯಾರದ ಕೆಳಗೆ ಇರುತ್ತೇನೆ.

ಮಂಡ್ಯದ ಮೇಷ್ಟ್ರು

ಸ್ವಾಮಿ, ಆ ಹುಡುಗನನ್ನೇ ಕರೆದುಕೊಂಡು ಬರುತ್ತೇನೆ.